ಆರರ ಲೆಕ್ಕದ ಲೇಖನ ಕಳಿಸಿದವರಿಗೆ

ನಮಸ್ಕಾರ.

ನ್ಯೂಗಿನಿ ದ್ವೀಪದ ಯಾಮ್ ಭಾಷೆಗಳ ಬಗ್ಗೆ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಪ್ರಕಟಿಸಲಾರೆ. ಆದರೆ ಕೈಬಿಡಲೂ ಮನಸ್ಸಿಲ್ಲ. ಕನ್ನಡದಲ್ಲಿ ಈ ವಿಷಯ ಯಾರೂ ನನಗೆ ಕಳಿಸಿದ್ದಿಲ್ಲ, ಅದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ.

ಮೊದಲ ಸಾಲನ್ನೇ ತೆಗೆಯಿರಿ. ‘ನಾಗರಿಕತೆ ಸೋಕದ ದಟ್ಟ ಕಾಡಿನಲ್ಲಿ’ ಎಂದಿದ್ದೀರಿ. ಈ ಭಾಷೆಗಳನ್ನಾಡುವ ಊರುಗಳಿರುವುದು ನ್ಯೂಗಿನಿಯ ದಕ್ಷಿಣದಲ್ಲಿ, ಮೋರ್‌ಹೆಡ್ ನದಿಯ ಸುತ್ತಿನ ಸಮತಟ್ಟು ಸೀಮೆಯಲ್ಲಿ. ಮಳೆಗಾಲದಲ್ಲಿ ನೀರು ನಿಲ್ಲುವ ಹುಲ್ಲುಗಾವಲು, ನಡುನಡುವೆ ಮರಗಳು. ಕೆಲವು ಊರು ಪಪುವಾ ನ್ಯೂಗಿನಿಯಲ್ಲಿವೆ, ಕೆಲವು ಗಡಿಯಾಚೆ ಇಂಡೊನೇಷ್ಯದ ಮೆರೌಕೆ ಕಡೆ. ‘ಪಪುವನ್ ಭಾಷಾಕುಟುಂಬ’ ಎಂಬುದೂ ತಪ್ಪು. ಆ ಭಾಗದಲ್ಲಿ ಆಸ್ಟ್ರೊನೇಷ್ಯನ್ (ಮಲಯ ಮೊದಲಾದವು ಸೇರಿದ ದೊಡ್ಡ ಕುಟುಂಬ) ಅಲ್ಲದ, ಆಸ್ಟ್ರೇಲಿಯದ್ದೂ ಅಲ್ಲದ ಭಾಷೆಗಳಿಗೆಲ್ಲ ಒಟ್ಟಾಗಿ ಇಟ್ಟ ಹೆಸರು ಪಪುವನ್. ಅದರೊಳಗೆ ಒಂದಕ್ಕೊಂದು ನಂಟೇ ಕಾಣದ ಹತ್ತಾರು ಕುಟುಂಬಗಳಿವೆ, ಯಾಮ್ ಅವುಗಳಲ್ಲಿ ಚಿಕ್ಕದೊಂದು.

ನನ್ನನ್ನು ನೋಯಿಸಿದ ವಾಕ್ಯ ಇದು: ‘ಇವರಿಗೆ ಆರರವರೆಗೆ ಮಾತ್ರ ಎಣಿಸಲು ಬರುತ್ತದೆ.’ ನಿಮ್ಮ ಲೇಖನದ ಜೀವವೇ ಇಲ್ಲಿತ್ತು, ನೀವೇ ಅದನ್ನು ಕೊಂದಿದ್ದೀರಿ. ನಾವು ಹತ್ತರ ಮೇಲೆ ಕಟ್ಟುವ ಲೆಕ್ಕವನ್ನು ಅವರು ಆರರ ಮೇಲೆ ಕಟ್ಟುತ್ತಾರೆ. ಯಾಮ್ ಕುಟುಂಬದ ಕೊಮ್ನ್ಜೊ ಭಾಷೆಯಲ್ಲಿ ಆರಕ್ಕೆ ನಿಬೊ, ಆರಾರಲೆ 36ಕ್ಕೆ ಫ್ತಾ, 216ಕ್ಕೆ ತರುಬಾ, 1,296ಕ್ಕೆ ದಮ್ನೊ. ಹೀಗೆ ಏರುತ್ತಾ ಹೋಗಿ 46,656ಕ್ಕೂ ‘ವಿ’ ಎಂಬ ಒಂದೇ ಪದವಿದೆ. ಆ ಸಂಖ್ಯೆಗೆ ಕನ್ನಡದಲ್ಲಿ ಎಷ್ಟು ಪದ ಬೇಕು, ಬಾಯಿಬಿಟ್ಟು ಹೇಳಿ ನೋಡಿ.

ಆ ಲೆಕ್ಕ ಹುಟ್ಟಿದ್ದು ಕಣದಲ್ಲಿ. ಎಣಿಸುವುದು ಗೆಣಸನ್ನು. (ನೀವು ಬರೆದಂತೆ ಸುವರ್ಣಗೆಡ್ಡೆ ಅಲ್ಲ, ಸಿಹಿಗೆಣಸೂ ಅಲ್ಲ. ಕಂಬಕ್ಕೆ ಬಳ್ಳಿ ಹಬ್ಬಿಸಿ ಬೆಳೆಯುವ, ನಮ್ಮ ಹೆಗ್ಗೆಣಸಿನ ಜಾತಿಯದು.) ಇಬ್ಬರು ಗಂಡಸರು ರಾಶಿಯ ಮುಂದೆ ನಿಲ್ಲುತ್ತಾರೆ. ಒಬ್ಬೊಬ್ಬರೂ ಮೂರು ಮೂರು ಗೆಣಸು ಎತ್ತಿ ಒಟ್ಟಿಗೆ ಆಚೆ ಇಡುತ್ತಾರೆ. ಅದು ಆರು. ಅಂಥದ್ದು ಆರು ಸಲವಾದರೆ ಒಂದು ಫ್ತಾ. ಲೇಖನ ಇಲ್ಲಿಂದ ಶುರುವಾಗಲಿ. ಯಾಮ್ ಎಂಬ ಹೆಸರಿನ ಮಾತೂ ಇಲ್ಲಿಯೇ ಬರಬಹುದು: ಅದು ಆ ಗೆಣಸಿನ ಇಂಗ್ಲಿಷ್ ಹೆಸರು, ಆ ಭಾಷೆಗಳಲ್ಲಿ ‘ಸಂಪ್ರದಾಯ’ ಎಂಬರ್ಥದ ಪದವೂ ಹೌದು.

ಇನ್ನು ನಿಮ್ಮ ‘ಸಮಾನ ಲಕ್ಷಣಗಳು’ ಪಟ್ಟಿ. ಹನ್ನೊಂದು ಅಂಶ, ಒಂದಕ್ಕೂ ಉದಾಹರಣೆಯಿಲ್ಲ. ಪರೀಕ್ಷೆಯ ಗೈಡ್ ಓದಿದಂತಾಯಿತು. ಒಂದನ್ನು ಹಿಡಿದು ಬಿಡಿಸಿ ಸಾಕು. ನಾನಾದರೆ ವಚನವನ್ನು ಆರಿಸಿಕೊಳ್ಳುತ್ತಿದ್ದೆ. ಸಂಸ್ಕೃತದ ದ್ವಿವಚನ ನಮ್ಮ ಓದುಗರಿಗೆ ಗೊತ್ತು: ರಾಮಃ, ರಾಮೌ, ರಾಮಾಃ. ಅಲ್ಲಿ ಒಂದು ಪ್ರತ್ಯಯ ನೋಡಿದರೆ ವಚನ ತಿಳಿಯುತ್ತದೆ. ಕೊಮ್ನ್ಜೊ ಕ್ರಿಯಾಪದದಲ್ಲಿ ಎರಡು ಜಾಗ ನೋಡಬೇಕು. ಒಂದು ಜಾಗ ‘ಒಬ್ಬರೋ, ಹೆಚ್ಚೋ’ ಎಂದಷ್ಟೇ ಹೇಳುತ್ತದೆ. ಇನ್ನೊಂದು ‘ಇಬ್ಬರೋ, ಅಲ್ಲವೋ’ ಎಂದಷ್ಟೇ. ಮೊದಲನೆಯದು ‘ಹೆಚ್ಚು’, ಎರಡನೆಯದು ‘ಇಬ್ಬರಲ್ಲ’ ಎಂದಾಗ ಕೇಳುವವರು ಎರಡನ್ನೂ ಕೂಡಿಸಿ ಮೂವರೋ ಅದಕ್ಕಿಂತ ಹೆಚ್ಚೋ ಎಂದು ತಿಳಿಯುತ್ತಾರೆ. ಹೀಗೆ ಅರ್ಥವನ್ನು ಪದದ ತುಂಬ ಹಂಚಿಡುವುದು ಈ ಕುಟುಂಬದ ಗುರುತು. ಕಾಲವೂ ಅಷ್ಟೆ, ಒಂದೇ ಪ್ರತ್ಯಯದಲ್ಲಿ ಸಿಗುವುದಿಲ್ಲ. ಇದನ್ನು ನಿಧಾನವಾಗಿ, ಒಂದಿಡೀ ಪುಟ ತೆಗೆದುಕೊಂಡು ಬರೆಯಿರಿ.

‘ಅಳಿವಿನಂಚಿನಲ್ಲಿ’ ಎಂದು ನಾಲ್ಕು ಕಡೆ ಬರೆದಿದ್ದೀರಿ. ಕೊಮ್ನ್ಜೊ ಆಡುವವರು ಸುಮಾರು 250 ಮಂದಿ, ಮುಖ್ಯವಾಗಿ ರೌಕು ಎಂಬ ಊರಿನವರು. ಸಂಖ್ಯೆ ಚಿಕ್ಕದು, ನಿಜ. ಆದರೆ ಆ ಸೀಮೆಯಲ್ಲಿ ಅಕ್ಕತಂಗಿಯರನ್ನು ಕೊಟ್ಟು ತರುವ ಮದುವೆ ರೂಢಿ. ಸೊಸೆ ಬೇರೆ ಊರಿನಿಂದ ತನ್ನ ಮಾತಿನೊಂದಿಗೇ ಬರುತ್ತಾಳೆ, ಮಕ್ಕಳು ತಾಯಿಯದನ್ನೂ ತಂದೆಯದನ್ನೂ ಕೇಳುತ್ತಾ ಬೆಳೆಯುತ್ತಾರೆ. ಸಣ್ಣ ಸಣ್ಣ ಭಾಷೆಗಳು ಅಕ್ಕಪಕ್ಕದಲ್ಲೇ ಬಾಳಿದ್ದು ಹೀಗೆ. ಮರುಕದ ನಾಲ್ಕು ವಾಕ್ಯ ಹೊಡೆದುಹಾಕಿ, ಅಲ್ಲಿ ಈ ಮನೆಯನ್ನು ತೋರಿಸಿ.

ಭಾಷಾವಿಜ್ಞಾನಿ ಕ್ರಿಶ್ಚಿಯನ್ ಡೋಲರ್ 2018ರಲ್ಲಿ ಪ್ರಕಟಿಸಿದ ಕೊಮ್ನ್ಜೊ ವ್ಯಾಕರಣ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತದೆ. ಸಂಖ್ಯಾಪದಗಳನ್ನು ಕನ್ನಡ ಲಿಪಿಯಲ್ಲಿ ಬರೆಯುವ ಮೊದಲು ಅದರ ಧ್ವನಿಗಳ ಅಧ್ಯಾಯ ಓದಿ. ನಿಮ್ಮ ಪ್ರತಿಯಲ್ಲಿ ಒಂದೇ ಪದ ಮೂರು ಬಗೆಯಲ್ಲಿದೆ. ಸಾವಿರದ ಇನ್ನೂರು ಪದದೊಳಗೆ ಮುಗಿಸಿ ಕಳಿಸಿ. ವಚನದ ಕೋಷ್ಟಕವನ್ನು ನಾವೇ ಬರೆಸಿಕೊಳ್ಳುತ್ತೇವೆ.