ಕನಸಿನ ಲೋಕದೊಳಗೂ ಪಾತಾಳವಿದೆಯೇ?

ಅಮೆರಿಕದ ಲೇಖಕ ಎಚ್. ಪಿ. ಲವ್‌ಕ್ರಾಫ್ಟ್ ಕಲ್ಪಿಸಿದ ಕನಸಿನ ಲೋಕದಲ್ಲಿ ಇದೆ, ಅದೂ ಘೋರವಾದದ್ದು. ಅವರು 1926–27ರಲ್ಲಿ ಬರೆದು, ತೀರಿಕೊಂಡ ಮೇಲೆ 1943ರಲ್ಲಿ ಅಚ್ಚಾದ ಕಿರುಕಾದಂಬರಿಯಲ್ಲಿ ಅದರ ವಿವರಗಳಿವೆ. ಪ್ನಾಥ್ ಕಣಿವೆಯಲ್ಲಿ ಬೆಳಕಿಲ್ಲ. ಶವ ತಿನ್ನುವ ಪಿಶಾಚಿಗಳು ಮೇಲಿನ ಬಂಡೆಯಿಂದ ಎಸೆದ ಮೂಳೆಗಳ ರಾಶಿ. ಅದರ ನಡುವೆ ಕಣ್ಣಿಗೆ ಕಾಣದ ದೈತ್ಯಜೀವಿಗಳ ಸರಸರ ಸದ್ದು. ಆಚೆಗೆ, ಬಾಯಿ ಲಂಬವಾಗಿ ತೆರೆಯುವ ಗಗ್ ದೈತ್ಯರ ಊರು.

ನಮ್ಮ ಪಾತಾಳ ಹಾಗಲ್ಲ: ವಿಷ್ಣುಪುರಾಣದ ನಾರದ ಅದನ್ನು ಸ್ವರ್ಗಕ್ಕಿಂತ ಸುಂದರವೆನ್ನುತ್ತಾನೆ.

ನಾನು ರಾಯಚೂರು ಜಿಲ್ಲೆಯ ಹಟ್ಟಿಯವನು. ಚಿನ್ನದ ಗಣಿಗೆ ಇಳಿಯುತ್ತಿದ್ದ ತಂದೆಯ ಹೆಲ್ಮೆಟ್ಟಿನ ದೀಪ ನೋಡುತ್ತ ಬೆಳೆದವನು. ಹಾಗಾಗಿ ನನಗೆ ಹೆಚ್ಚು ನಾಟಿದ್ದು, ಆ ಕಗ್ಗತ್ತಲ ಕಣಿವೆಯಲ್ಲಿ ಸಿಕ್ಕಿಕೊಂಡ ಕಥಾನಾಯಕ ಕಾರ್ಟರ್‌ನಿಗೆ ಪಿಶಾಚಿಗಳೇ ಇಳಿಬಿಡುವ ಏಣಿ.