ಗುರುವಾರದ ಜೂಲಿಯಾ

ಪ್ರಶ್ನೆ: ಜಾರ್ಜ್ ಆರ್ವೆಲ್ ಅವರ ‘1984’ ಕಾದಂಬರಿಯ ಹಳೆಯ ಬಿಬಿಸಿ ನಾಟಕವನ್ನು ಈಚೆಗೆ ನೋಡಿದೆ. ಜೂಲಿಯಾ ಪಾತ್ರ ಮಾಡಿದ ಇವೋನ್ ಮಿಚೆಲ್ ಬಹಳ ಹಿಡಿಸಿದರು. ಅದಕ್ಕೂ ಹಿಂದಿನ ಅವರ ಟಿವಿ ನಾಟಕಗಳನ್ನು ಎಷ್ಟು ಹುಡುಕಿದರೂ ಸಿಗುತ್ತಿಲ್ಲ. ಎಲ್ಲಿ ನೋಡಬಹುದು?
– ಓದುಗರೊಬ್ಬರು, ಶಿವಮೊಗ್ಗ

ಉತ್ತರ: ನೀವು ಹುಡುಕುತ್ತಿರುವ ಮುಖ್ಯ ನಾಟಕವೇ ಉಳಿದಿಲ್ಲ. 1953ರ ಡಿಸೆಂಬರ್ 6ರಂದು ಬಿಬಿಸಿ, ಎಮಿಲಿ ಬ್ರಾಂಟೆ ಕಾದಂಬರಿ ಆಧರಿಸಿದ ‘ವುದರಿಂಗ್ ಹೈಟ್ಸ್’ ಪ್ರಸಾರ ಮಾಡಿತು. ಕ್ಯಾಥಿಯಾಗಿ ಮಿಚೆಲ್, ಹೀತ್‌ಕ್ಲಿಫ್ ಆಗಿ ರಿಚರ್ಡ್ ಟಾಡ್. ರೂಪಾಂತರ ನೈಜೆಲ್ ನೀಲ್ ಅವರದು, ನಿರ್ದೇಶನ ರುಡಾಲ್ಫ್ ಕಾರ್ಟಿಯರ್ ಅವರದು. ಮರುವರ್ಷ ‘1984’ ಮಾಡಿದ್ದೂ ಇದೇ ಜೋಡಿ. ಕಾರ್ಟಿಯರ್ 1962ರಲ್ಲಿ ‘ವುದರಿಂಗ್ ಹೈಟ್ಸ್’ ಅನ್ನು ಕ್ಲೇರ್ ಬ್ಲೂಮ್ ಅವರೊಂದಿಗೆ ಮತ್ತೊಮ್ಮೆ ಮಾಡಿದರು. ಅದು ಉಳಿದಿದೆ. ಹುಡುಕಿದಾಗ ಕೈಗೆ ಸಿಗುವುದು ಅದೇ, ಮಿಚೆಲ್ ಅವರದೆಂದು ತಿಳಿದು ಮೋಸಹೋಗಬೇಡಿ.

ಆಗಿನ ಟಿವಿ ನಾಟಕವೆಂದರೆ ನೇರ ಪ್ರಸಾರ. ವಿಡಿಯೊಟೇಪ್ ಇನ್ನೂ ಬಂದಿರಲಿಲ್ಲ. ಉಳಿಸಿಕೊಳ್ಳಬೇಕೆಂದರೆ ಇದ್ದ ದಾರಿ ಒಂದೇ: ಟಿವಿ ಪರದೆಯ ಮುಂದೆ ಫಿಲ್ಮ್ ಕ್ಯಾಮೆರಾ ಇಟ್ಟು ಚಿತ್ರೀಕರಿಸುವುದು. ಅದಕ್ಕೆ ಹಣ ಬೇಕು, ಜೊತೆಗೆ ಹೀಗೆ ಚಿತ್ರೀಕರಿಸಿದ ನಾಟಕಗಳ ಮರುಪ್ರಸಾರಕ್ಕೆ ಕಲಾವಿದರ ಸಂಘದ ತಕರಾರೂ ಇತ್ತು. ಹಾಗಾಗಿ ಭಾನುವಾರ ರಾತ್ರಿಯ ನಾಟಕವನ್ನು ಮತ್ತೆ ತೋರಿಸಬೇಕಾದರೆ ಅದೇ ನಟರು ಗುರುವಾರ ಬಣ್ಣ ಹಚ್ಚಿಕೊಂಡು ಇಡೀ ನಾಟಕವನ್ನು ಮತ್ತೊಮ್ಮೆ ಆಡುತ್ತಿದ್ದರು.

‘1984’ ಕೂಡ ಹಾಗೆಯೇ. 1954ರ ಡಿಸೆಂಬರ್ 12, ಭಾನುವಾರ, ಲಂಡನ್ನಿನ ಲೈಮ್ ಗ್ರೋವ್ ಸ್ಟುಡಿಯೊದಿಂದ ಸುಮಾರು ಎರಡು ಗಂಟೆಯ ನೇರ ಪ್ರಸಾರ. ನಡುನಡುವೆ ಮೊದಲೇ ಚಿತ್ರೀಕರಿಸಿದ ತುಣುಕುಗಳು ಓಡುತ್ತಿದ್ದಾಗಲೇ ನಟರು ಒಂದು ಸೆಟ್‌ನಿಂದ ಇನ್ನೊಂದಕ್ಕೆ ಧಾವಿಸಬೇಕು, ಉಡುಪು ಬದಲಿಸಬೇಕು. ವಾದ್ಯವೃಂದವೂ ಆ ಹೊತ್ತಿಗೇ ನುಡಿಸುತ್ತಿತ್ತು. ಹಿಂಸೆಯ ದೃಶ್ಯಗಳಿಂದ ಎದ್ದ ಗದ್ದಲ ಪಾರ್ಲಿಮೆಂಟಿನವರೆಗೂ ಹೋಯಿತು. ಗುರುವಾರದ ಆಟ ರದ್ದಾಗಬಹುದೆಂಬ ಮಾತೂ ಇತ್ತು. ಬಿಬಿಸಿ ಬಗ್ಗಲಿಲ್ಲ. 16ರಂದು ಮತ್ತೆ ಆಡಿಸಿತು, ಆ ಸಲ ಫಿಲ್ಮಿಗೂ ಇಳಿಸಿತು. ನೀವು ನೋಡಿದ್ದು ಈ ಎರಡನೆಯ ಆಟವನ್ನು. ಭಾನುವಾರದ ಜೂಲಿಯಾ ಹೇಗಿದ್ದಳೋ, ಅಂದು ಟಿವಿ ಮುಂದೆ ಕೂತಿದ್ದವರಿಗಷ್ಟೇ ಗೊತ್ತು.

ಒಂದು ವಿಷಯ ಗಮನಿಸಿದಿರಾ? ಕಾದಂಬರಿಯಲ್ಲಿ ಜೂಲಿಯಾಳ ವಯಸ್ಸು 26, ಅವಳ ಪ್ರಿಯಕರ, ಕಥಾನಾಯಕ ವಿನ್‌ಸ್ಟನ್‌ನದು 39. ಮಿಚೆಲ್ ಹುಟ್ಟಿದ್ದು 1915ರಲ್ಲಿ, ಅಂದರೆ ಅವರಿಗಾಗ ವಿನ್‌ಸ್ಟನ್‌ನ ವಯಸ್ಸು! ಇದು ತಪ್ಪು ಆಯ್ಕೆ ಎನ್ನುವವರಿದ್ದಾರು. ನನಗಂತೂ ಆ ವಯಸ್ಸಿನಿಂದ ಪಾತ್ರಕ್ಕೆ ತೂಕ ಬಂದಿದೆ ಅನಿಸುತ್ತದೆ. ಚೆಲ್ಲಾಟದ ಹುಡುಗಿಯಲ್ಲ, ಎಲ್ಲ ಗೊತ್ತಿದ್ದೂ ಅಪಾಯಕ್ಕೆ ಕೈಹಾಕಿದ ಹೆಂಗಸು. ಕೊನೆಯ ಭೇಟಿಯಲ್ಲಿ ಒಬ್ಬರನ್ನೊಬ್ಬರು ಬಿಟ್ಟುಕೊಟ್ಟದ್ದನ್ನು ಒಪ್ಪಿಕೊಳ್ಳುವಾಗಿನ ಆ ಮುಖವನ್ನು ಇನ್ನೊಮ್ಮೆ ನೋಡಿ. ಎದುರಿಗೆ ವಿನ್‌ಸ್ಟನ್ ಆಗಿದ್ದ ಪೀಟರ್ ಕುಶಿಂಗ್ ಅವರ ಬಗ್ಗೆ ಎಲ್ಲರೂ ಬರೆದಿದ್ದಾರೆ, ಇವರ ಬಗ್ಗೆ ಬರೆದದ್ದು ಕಡಿಮೆ.

ಸಿನಿಮಾ ಅವರಿಗೆ ಹೆಸರು ತಂದುಕೊಟ್ಟಿತು. ‘ದಿ ಡಿವೈಡೆಡ್ ಹಾರ್ಟ್’ಗೆ ಬ್ರಿಟಿಷ್ ಅಕಾಡೆಮಿ ಪ್ರಶಸ್ತಿ, ‘ವುಮನ್ ಇನ್ ಎ ಡ್ರೆಸಿಂಗ್ ಗೌನ್’ಗೆ 1957ರ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ. ನಾಟಕ, ಕಾದಂಬರಿಗಳನ್ನೂ ಬರೆದರು.

ಹಿಂದಿನದು ಸಿಗದಿದ್ದರೂ ಮುಂದಿನದು ಸಿಗುತ್ತದೆ. 1966ರಲ್ಲಿ ‘ಔಟ್ ಆಫ್ ದಿ ಅನ್‌ನೋನ್’ ಸರಣಿಯಲ್ಲಿ ಬಂದ ‘ದಿ ಮಷೀನ್ ಸ್ಟಾಪ್ಸ್’ ನೋಡಿ. ಇ. ಎಂ. ಫಾರ್ಸ್ಟರ್ ಕಥೆ. ನೆಲದಡಿಯ ಕೋಣೆಯಲ್ಲಿ ಕೂತು ಎಲ್ಲಕ್ಕೂ ಯಂತ್ರವನ್ನೇ ನೆಚ್ಚಿಕೊಂಡ, ಮಗನನ್ನು ಕಣ್ಣೆದುರು ಕಾಣಲೂ ಹಿಂಜರಿಯುವ ತಾಯಿ ವಾಷ್ಟಿಯ ಪಾತ್ರ. ಜೂಲಿಯಾಳಿಗೆ ಪೂರ್ತಿ ವಿರುದ್ಧ. ನಿಮಗೆ ಜೂಲಿಯಾ ಹಿಡಿಸಿದ್ದರೆ ಮೊದಲು ಇದನ್ನೇ ಹುಡುಕಿ.