ತಿಮ್ಮ ದಡ್ಡನೂ ಅಲ್ಲ, ಕೋತಿಯೂ ಅಲ್ಲ

ಹೆಸರುಗಳ ಬಗ್ಗೆ ಬರುವ ಪತ್ರಗಳಲ್ಲಿ ಒಂದೇ ಪ್ರಶ್ನೆ ಬೇರೆ ಬೇರೆ ವೇಷದಲ್ಲಿ ಬರುತ್ತಲೇ ಇದೆ. ಅದು ತಿಮ್ಮ ಎಂಬ ಹೆಸರಿನದು. ಒಂದು ಸಾಲಿನಲ್ಲಿ ಉತ್ತರಿಸಿದರೆ ಮತ್ತೆ ಅದೇ ಬರುತ್ತದೆ. ಆದ್ದರಿಂದ ಈ ಸಲ ಜಾಗವೆಲ್ಲ ಬಹುಪಾಲು ಅದಕ್ಕೇ. ಉಳಿದವರು ಬೇಜಾರು ಮಾಡಿಕೊಳ್ಳಬೇಡಿ. ನಾಮಕರಣ ಯಾವ ದಿನ, ತೊಟ್ಟಿಲು ಯಾವ ದಿಕ್ಕಿಗೆ ಅಂತೆಲ್ಲ ಕೇಳಿದವರು ಮನೆಯ ಹಿರಿಯರನ್ನು ಕೇಳಿ.

ನಮ್ಮ ತಂದೆಯ ಹೆಸರು ತಿಮ್ಮಪ್ಪ. ಮೊಮ್ಮಗನಿಗೆ ಅಜ್ಜನ ಹೆಸರಿಡುವುದು ನಮ್ಮ ಮನೆಯ ಪದ್ಧತಿ. ಈಗ ನನಗೆ ಮಗ ಹುಟ್ಟಿದ್ದಾನೆ. ಹೆಸರಿನ ಫಲ ಹೇಳುವವರೊಬ್ಬರು, ‘ತಿಮ್ಮ ಅಂದರೆ ದಡ್ಡ, ಕೋತಿ ಅಂತಲೂ ಅರ್ಥ, ಸಂಸ್ಕೃತದಲ್ಲಿ ಈ ಪದವೇ ಇಲ್ಲ, ಮಗುವಿಗೆ ಏಳಿಗೆ ಆಗಲ್ಲ’ ಅಂದರು. ಹೌದೇ? ಈ ಹೆಸರು ಬಂದದ್ದಾದರೂ ಎಲ್ಲಿಂದ? (ತುಮಕೂರು ಜಿಲ್ಲೆಯ ಓದುಗರು)

ಅವರಿಗೆ ದಕ್ಷಿಣೆ ಕೊಟ್ಟಾಗಿದ್ದರೆ ಹೋಗಲಿ ಬಿಡಿ. ಕೊಟ್ಟಿಲ್ಲದಿದ್ದರೆ ಕೊಡಬೇಡಿ.

ತಿಮ್ಮ ಎನ್ನುವುದು ತಿರುಮಲ ಎಂಬ ಹೆಸರಿನ ಮೊಟಕು ರೂಪ. ತಿರುಮಲೆ ಬೆಟ್ಟದ ದೇವರ ಹೆಸರು. ನಾವು ತಿರುಪತಿ ತಿಮ್ಮಪ್ಪ ಅನ್ನುವುದು ಸುಮ್ನೆ ಅಲ್ಲ. ತಿರುಮಲ ಜನರ ಬಾಯಲ್ಲಿ ಮೊದಲು ತಿರ್ಮಲ ಆಯಿತು. ‘ರ್’ ಆದ ಮೇಲೆ ‘ಮ’ ಬಂದರೆ ಕನ್ನಡದ ನಾಲಗೆ ಏನು ಮಾಡುತ್ತದೆ ನೋಡಿ. ರ್ ಅನ್ನು ಬಿಟ್ಟು ಮಕಾರಕ್ಕೆ ಒತ್ತು ಹಾಕುತ್ತದೆ. ಹಳಗನ್ನಡದ ಪೆರ್ಮೆ ಇಂದಿನ ಹೆಮ್ಮೆ. ಎರ್ಮೆ ಹೋಗಿ ಎಮ್ಮೆ. ಒರ್ಮೆ ಹೋಗಿ ಒಮ್ಮೆ. ಅದೇ ದಾರಿಯಲ್ಲಿ ತಿರ್ಮಲ ತಿಮ್ಮಲ ಆಯಿತು, ಕೊನೆಯ ಲ ಉದುರಿ ತಿಮ್ಮ ಉಳಿಯಿತು. ನಡುವಿನ ರೂಪ ಎಲ್ಲಿ ಅಂತ ಕೇಳಬೇಡಿ. ತಿಮ್ಮಲಾಪುರ ಎಂಬ ಊರುಗಳಲ್ಲಿ ಅದು ಈಗಲೂ ಇದೆ. ಈ ತಿಮ್ಮನಿಗೆ ಅಪ್ಪ, ಅಯ್ಯ, ಅಣ್ಣ, ಅರಸು, ಅಕ್ಕ, ಅವ್ವ ಸೇರಿಸಿಕೊಂಡು ಹೋದರೆ ಅರ್ಧ ಕರ್ನಾಟಕದ ಹಳೆಯ ಹೆಸರುಗಳು ಸಿಗುತ್ತವೆ.

ಸಂಸ್ಕೃತದಲ್ಲಿ ಇಲ್ಲ ಎನ್ನುವುದು ನಿಜ. ಅದರಿಂದೇನು? ತಿರು ಅಂದರೆ ಪವಿತ್ರವಾದದ್ದು, ಮಲೆ ಅಂದರೆ ಬೆಟ್ಟ. ಮಲೆನಾಡು ಅನ್ನುವುದೂ ಸಂಸ್ಕೃತವಲ್ಲ. ಅಲ್ಲಿ ಮಳೆಯೇನಾದರೂ ನಿಂತಿದೆಯಾ?

ಕೋತಿಯ ವಿಷಯ. ಕೋತಿಯನ್ನು ತಿಮ್ಮ ಅಂತ ಕರೆಯುವ ರೂಢಿ ಇದೆ, ಇಲ್ಲ ಅನ್ನುವುದಿಲ್ಲ. ಗಿಳಿಗೆ ರಾಮ ಅನ್ನುತ್ತೇವೆ. ಎತ್ತಿಗೆ ಬಸವ ಅನ್ನುತ್ತೇವೆ. ಹಾಗಂತ ರಾಮ ಅಂದರೆ ಗಿಳಿ ಎಂದು ಯಾವ ಶಾಸ್ತ್ರಿಯೂ ಅರ್ಥ ಬರೆದುಕೊಡಲಿಲ್ಲ. ಜನರಿಗೆ ಪ್ರೀತಿಯ ಹೆಸರು ಪ್ರಾಣಿಗೂ ಹೋಗುತ್ತದೆ, ಅಷ್ಟೇ. ಹೆಸರು ಮೊದಲು, ಕೋತಿ ಆಮೇಲೆ.

ಇನ್ನು ಇದು ಏಳಿಗೆ ಇಲ್ಲದವರ ಹೆಸರು ಎನ್ನುವ ಮಾತು. ವಿಜಯನಗರದ ಕಾಲದ ಶಾಸನಗಳನ್ನು ತೆಗೆದರೆ ತಿಮ್ಮರಾಜ, ತಿಮ್ಮರಸ, ತಿಮ್ಮನಾಯಕ ಎಂದು ಎಷ್ಟು ಸಲ ಬರುತ್ತದೆ ಅಂದರೆ, ಯಾವ ತಿಮ್ಮ ಯಾರೆಂದು ಬಿಡಿಸುವುದೇ ನಮ್ಮಂಥವರಿಗೆ ತಲೆನೋವು. ಕಾರಣ ಕಷ್ಟದ್ದಲ್ಲ. ಸಾಳುವ ನರಸಿಂಹನಿಂದ ಹಿಡಿದು ಮುಂದಿನ ದೊರೆಗಳೆಲ್ಲ ತಿರುಪತಿಗೆ ನಡೆದುಕೊಂಡವರು. ಕೃಷ್ಣದೇವರಾಯ ಏಳು ಸಲ ಬೆಟ್ಟ ಹತ್ತಿದ. ಅವನದೂ ಅವನ ಇಬ್ಬರು ರಾಣಿಯರದೂ ವಿಗ್ರಹಗಳು ಅಲ್ಲಿ ಇಂದಿಗೂ ಕೈಮುಗಿದು ನಿಂತಿವೆ. ಆ ರಾಣಿಯರಲ್ಲಿ ಒಬ್ಬಳು ತಿರುಮಲದೇವಿ. ಮಗನ ಹೆಸರೂ ತಿರುಮಲ. ರಾಜ್ಯ ನಡೆಸಿದ ಮಂತ್ರಿ ಸಾಳುವ ತಿಮ್ಮರಸು. ಅರಮನೆಯ ಮಗು ತಿರುಮಲ, ಆ ಅರಮನೆಯ ಮಂತ್ರಿ ತಿಮ್ಮ. ಹೆಸರು ಒಂದೇ, ಉದ್ದ ಬೇರೆ. 1520ರ ಸುಮಾರಿಗೆ ಹಂಪಿಗೆ ಬಂದ ಪೋರ್ಚುಗೀಸ್ ಪ್ರಯಾಣಿಕ ದೊಮಿಂಗೊ ಪಾಯಸ್ ಕೂಡ ಈ ತಿಮ್ಮರಸುವಿನ ಹೆಸರನ್ನು ತನ್ನ ನಾಲಗೆಗೆ ಬಂದಂತೆ ಬರೆದುಕೊಂಡು ಹೋದ.

ಕುಮಾರವ್ಯಾಸ ಹತ್ತು ಪರ್ವಕ್ಕೆ ನಿಲ್ಲಿಸಿದ ಭಾರತವನ್ನು ಮುಂದುವರಿಸಿದ ಕವಿ ಯಾರು? ತಿಮ್ಮಣ್ಣ. ಕನಕದಾಸರಿಗೆ ತಂದೆ ತಾಯಿ ಇಟ್ಟ ಹೆಸರು ತಿಮ್ಮಪ್ಪ ಎಂದೇ ಪರಂಪರೆ ಹೇಳುತ್ತದೆ. ಚಿಕ್ಕದೇವರಾಜ ಒಡೆಯರ ಮಂತ್ರಿ ತಿರುಮಲಾರ್ಯ. ಅವನದೂ ಇದೇ ಹೆಸರು, ಕತ್ತರಿ ಬಿದ್ದಿಲ್ಲ ಅಷ್ಟೇ. ಬ್ರಾಹ್ಮಣ, ಒಕ್ಕಲಿಗ, ಕುರುಬ, ನಾಯಕ, ಕೊಡವ, ಹೊಲ ಉಳುವವರು, ಉಳಿಸುವವರು ಎಲ್ಲರ ಮನೆಯಲ್ಲೂ ಓಡಾಡಿದ ಹೆಸರುಗಳು ಬಹಳ ಇಲ್ಲ. ಇದು ಅಂಥದ್ದು.

ಹಾಗಾದರೆ ಇಳಿದದ್ದು ಯಾಕೆ? ಇದಕ್ಕೆ ನನ್ನ ಉತ್ತರ ಕೆಲವರಿಗೆ ಹಿಡಿಸುವುದಿಲ್ಲ. ಹೆಸರು ಕೆಡಲಿಲ್ಲ. ಹೆಸರಿನ ಬಾಲವನ್ನು ಹಂಚಿದ ರೀತಿ ಕೆಟ್ಟದ್ದು. ಜಮೀನಿದ್ದವನು ತಿಮ್ಮಪ್ಪ, ತಿಮ್ಮೇಗೌಡ, ತಿಮ್ಮಯ್ಯ. ಅವನ ಹೊಲದಲ್ಲಿ ದುಡಿಯುವವನು ಬರೀ ತಿಮ್ಮ. ಹಳೆಯ ಕಂದಾಯ ಕಾಗದಗಳಲ್ಲಿ ‘ತಿಮ್ಮ ಬಿನ್ ಕರಿಯ’ ಎಂಬಂಥ ನಮೂದು ಕಂಡರೆ ಅವನ ಜಾತಿ ಊಹಿಸಲು ಮುಂದಿನ ಕಾಲಮ್ಮು ಬೇಕಿರಲಿಲ್ಲ. ಒಂದು ಹೆಸರನ್ನು ಬಾಲ ಕತ್ತರಿಸಿ ಕೂಗುವ ಅಭ್ಯಾಸ ಬಿದ್ದ ಮೇಲೆ, ಹಾಗೆ ಕೂಗಿಸಿಕೊಂಡವರು ತಮ್ಮ ಮಕ್ಕಳಿಗೆ ಅದನ್ನು ಯಾಕೆ ಇಡುತ್ತಾರೆ? ಶಾಲೆಗೆ ಸೇರಿಸುವ ದಿನ ಎಷ್ಟೋ ತಿಮ್ಮಂದಿರು ಮೇಷ್ಟರ ಕೈಯಲ್ಲಿ ಶ್ರೀನಿವಾಸ, ವೆಂಕಟೇಶ ಆದರು. ದೇವರು ಅದೇ, ರಿಜಿಸ್ಟರಿನ ಹೆಸರು ಮಾತ್ರ ಬದಲು. ಮುಂದಿನ ತಲೆಮಾರಿಗೆ ಬಾಲಾಜಿ ಬಂದ. ಈಗ ಶ್ರೀನಿವಾಸನೂ ಹಳಬನಾಗಿದ್ದಾನೆ. ಯಾವುದೇ ಹಳ್ಳಿಯ ಮತದಾರರ ಪಟ್ಟಿ ತೆಗೆದು ವಯಸ್ಸಿನ ಕಾಲಮ್ಮನ್ನು ಪಕ್ಕದಲ್ಲಿಟ್ಟು ಓದಿ. ಎಪ್ಪತ್ತು ದಾಟಿದವರಲ್ಲಿ ತಿಮ್ಮಯ್ಯ, ತಿಮ್ಮಕ್ಕ. ಅವರ ಮಕ್ಕಳಲ್ಲಿ ಸೀನ, ವೆಂಕಿ. ಮೊಮ್ಮಕ್ಕಳಲ್ಲಿ ಯಾವ ಊರಿನಲ್ಲಾದರೂ ಇರಬಹುದಾದ ಹೆಸರುಗಳು.

ಇದರ ಮೇಲೆ ನಗೆಹನಿಗಳು. ಗುಂಡ, ತಿಮ್ಮ ಇಲ್ಲದೆ ಪತ್ರಿಕೆಯವರಿಗೆ ಜೋಕು ಬರೆಯಲು ಬರುತ್ತಿರಲಿಲ್ಲ. ಬೀchiಯವರ ತಿಮ್ಮ ಅನ್ನುತ್ತೀರಿ. ಆ ತಿಮ್ಮ ದಡ್ಡನಲ್ಲ, ದೊಡ್ಡವರ ಮುಖಕ್ಕೆ ಕನ್ನಡಿ ಹಿಡಿಯುವವನು. ಡಿ.ವಿ.ಜಿ.ಯವರ ಮಂಕುತಿಮ್ಮನನ್ನು ತೋರಿಸಿ ‘ನೋಡಿ, ತಿಮ್ಮ ಅಂದರೆ ಮಂಕು’ ಎನ್ನುವವರು ಇನ್ನೂ ಜಾಸ್ತಿ. ಮಂಕು ಎನ್ನುವ ಪದ ಅಲ್ಲಿ ಬೇರೆಯಾಗಿ ಕೂತಿದೆಯಲ್ಲ, ತಿಮ್ಮ ಅಂದರೇ ದಡ್ಡ ಆಗಿದ್ದರೆ ಅದನ್ನು ಸೇರಿಸುವ ಅಗತ್ಯವೇನಿತ್ತು? 1943ರಲ್ಲಿ ಬಂದ ಆ ಕಗ್ಗದಲ್ಲಿ ತಿಮ್ಮ ಕವಿಯ ಅಂಕಿತ. ಕವಿ ತನಗೇ ಹೇಳಿಕೊಳ್ಳುತ್ತಿದ್ದಾನೆ. ಪದ್ಯ ಓದದೆ ಬರೀ ಹೆಸರು ಓದಿದವರ ಅರ್ಥ ಇದು.

ಹೆಸರಾಂತವರಿಂದ ಹೆಸರು ಮತ್ತೆ ಚಿಗುರುತ್ತದೆ ಎಂಬ ನಂಬಿಕೆಯೂ ನನಗಿಲ್ಲ. ಹುಲಿಕಲ್–ಕುದೂರು ದಾರಿಯ ಆಲದ ಸಾಲಿನ ತಿಮ್ಮಕ್ಕನವರಿಗೆ 2019ರಲ್ಲಿ ಪದ್ಮಶ್ರೀ ಬಂತು. ಅರಣ್ಯ ಇಲಾಖೆ ಅವರ ಹೆಸರಲ್ಲಿ ವೃಕ್ಷೋದ್ಯಾನಗಳನ್ನು ಮಾಡಿತು. ಫೋಟೊ ತೆಗೆಸಿಕೊಂಡವರು ಸಾವಿರಾರು. ಮಗಳಿಗೆ ತಿಮ್ಮಕ್ಕ ಎಂದು ಹೆಸರಿಟ್ಟವರು ಮಾತ್ರ ನನ್ನ ಕಣ್ಣಿಗೆ ಬಿದ್ದಿಲ್ಲ.

ಈಗ ನಿಮ್ಮ ಮಗ. ತಿಮ್ಮಪ್ಪ ಅಂತಲೇ ಇಡಿ ಎಂದು ಒತ್ತಾಯ ಮಾಡಲು ನಾನು ಯಾರು? ಶಾಲೆಯಲ್ಲಿ ಚುಡಾಯಿಸಿಕೊಳ್ಳುವವನು ಅವನು, ನಾನಲ್ಲ. ನನ್ನನ್ನು ಕೇಳಿದರೆ ದಾಖಲೆಗೆ ತಿರುಮಲ ಅಂತ ಬರೆಸಿ, ಮನೆಯಲ್ಲಿ ತಿಮ್ಮ ಅನ್ನಿ. ಅಜ್ಜನ ಹೆಸರೂ ಉಳಿಯಿತು. ನಿಮ್ಮ ಹೆಂಡತಿಗೆ ಮಾವನ ಹೆಸರು ಹಿಡಿದು ಮಗುವನ್ನು ಗದರುವ ಸಂಕಟವೂ ತಪ್ಪಿತು. ಆ ಸಂಕೋಚದಿಂದಲೇ ಎಷ್ಟೋ ಮನೆಗಳಲ್ಲಿ ಅಜ್ಜನ ಹೆಸರು ಕಾಗದದಲ್ಲಿ ಮಾತ್ರ ಇದ್ದು, ಹುಡುಗ ಜೀವನಪೂರ್ತಿ ಪುಟ್ಟ, ರಾಜು ಆಗಿ ಉಳಿದುಬಿಟ್ಟ. ಅವಸರವೇನೂ ಇಲ್ಲ. ಹುಟ್ಟನ್ನು 21 ದಿನದೊಳಗೆ ನೋಂದಾಯಿಸಿ. ಮಗುವಿನ ಹೆಸರನ್ನು ಒಂದು ವರ್ಷದೊಳಗೆ ಶುಲ್ಕವಿಲ್ಲದೆ ಸೇರಿಸಬಹುದು. ಅಷ್ಟರಲ್ಲಿ ಮನೆಯವರೆಲ್ಲ ಒಂದು ಮಾತಿಗೆ ಬನ್ನಿ. ಫಲ ಹೇಳುವವರನ್ನು ಮಾತ್ರ ಆ ಮಾತುಕತೆಗೆ ಕರೆಯಬೇಡಿ.

ತಿಪ್ಪೇಸ್ವಾಮಿ, ತಿಮ್ಮಪ್ಪ ಎರಡೂ ಒಂದೇ ಅಲ್ವಾ?

ಅಲ್ಲ. ತಿಪ್ಪೇಸ್ವಾಮಿ ಚಿತ್ರದುರ್ಗ ಜಿಲ್ಲೆಯ ನಾಯಕನಹಟ್ಟಿಯ ಅವಧೂತರು, ಶೈವರ ಕಡೆಯವರು. ತಿ ಒಂದೇ ಆದ ಮಾತ್ರಕ್ಕೆ ದೇವರು ಒಂದೇ ಆಗುವುದಿಲ್ಲ.

ಮಗು ವಿಶಾಖಾ ನಕ್ಷತ್ರ. ‘ತಿ’ಯಿಂದ ಶುರುವಾಗುವ, ಎರಡೇ ಅಕ್ಷರದ, ಈಗ ಯಾರೂ ಇಡದ, ದೇವರ ಹೆಸರು ಬೇಕು. ಗಂಡು ಮಗು.

ಮೇಲಿನ ಉತ್ತರ ಓದಿ.

ಕಿಟ್ಟಿ ಎನ್ನುವುದು ಇಂಗ್ಲಿಷಿನಿಂದ ಬಂದದ್ದಂತೆ?

ಕೃಷ್ಣ ಕಿಟ್ಟ ಆದ, ಮುದ್ದಿಗೆ ಕಿಟ್ಟಿ ಆದ. ಇಂಗ್ಲಿಷಿನ ಬೆಕ್ಕಿಗೂ ಅವನಿಗೂ ಸಂಬಂಧವಿಲ್ಲ.

ಜನರಲ್ ತಿಮ್ಮಯ್ಯನವರನ್ನು ಸೈನ್ಯದಲ್ಲಿ ಟಿಮ್ಮಿ ಅನ್ನುತ್ತಿದ್ದರು. ಹಾಗಾದರೆ ತಿಮ್ಮ, ತಿಮೋತಿ ಒಂದೇ ಮೂಲದ್ದಾ?

1957ರಿಂದ 1961ರವರೆಗೆ ಭೂಸೇನೆಯ ಮುಖ್ಯಸ್ಥರಾಗಿದ್ದ ಆ ಕೊಡಗಿನವರ ಹೆಸರನ್ನು ಇಂಗ್ಲಿಷರ ಮೆಸ್ಸಿನಲ್ಲಿ ನಾಲಗೆಗೆ ಸುಲಭ ಮಾಡಿಕೊಂಡರು, ಅಷ್ಟೇ. ತಿಮೋತಿ ಗ್ರೀಕ್ ಹೆಸರು. ಕಿವಿಗೆ ಒಂದೇ ಥರ ಕೇಳಿದ್ದನ್ನೆಲ್ಲ ನೆಂಟರನ್ನಾಗಿ ಮಾಡುವ ಪುಸ್ತಕಗಳನ್ನು ದಯವಿಟ್ಟು ನನಗೆ ಕಳಿಸಬೇಡಿ. ಮನೆಯಲ್ಲಿ ಜಾಗ ಇಲ್ಲ.

ತಿಮ್ಮಯ್ಯ ಎಂದು ಇಂಗ್ಲಿಷಿನಲ್ಲಿ ಬರೆಯುವಾಗ ಇನ್ನೊಂದು ‘ಎಂ’, ಕೊನೆಗೆ ಒಂದು ‘ಎಚ್’ ಸೇರಿಸಿದರೆ ಹಣಕಾಸು ಸುಧಾರಿಸುತ್ತದೆ ಅಂತ ಸಂಖ್ಯಾಶಾಸ್ತ್ರದವರು ಹೇಳಿದ್ದಾರೆ. ಸೇರಿಸಲೇ?

ಸೇರಿಸಿದರೆ ಆಧಾರ್‌ನಲ್ಲಿ ಒಂದು, ಪ್ಯಾನ್‌ನಲ್ಲಿ ಒಂದು, ಪಹಣಿಯಲ್ಲಿ ಇನ್ನೊಂದು ಆಗುತ್ತದೆ. ಆಮೇಲೆ ಅಫಿಡವಿಟ್ಟು, ನೋಟರಿ, ಮತ್ತೆ ಮತ್ತೆ ಕಚೇರಿ. ಹಣಕಾಸು ಸುಧಾರಿಸುವುದು ಹೌದು, ಆದರೆ ನಿಮ್ಮದಲ್ಲ. ಮೊದಲ ದಾಖಲೆಯಲ್ಲಿ ಹೇಗಿದೆಯೋ ಹಾಗೇ ಎಲ್ಲ ಕಡೆ ಬರೆಯಿರಿ.